ಆಟದ ಮಧ್ಯೆ ಕನೆಕ್ಷನ್ ಕಟ್ ಆಗುತ್ತಿದೆಯಾ? ಎಲ್ಲಿ ಕಟ್ ಆಗುತ್ತಿದೆ ಅಂತ ಮೊದಲು ಪತ್ತೆ ಹಚ್ಚಿ

"ನೆಟ್ ಸ್ಪೀಡ್ ಚೆನ್ನಾಗಿಯೇ ಇದೆ, ವಿಡಿಯೋ ಎಲ್ಲ ಸರಾಗವಾಗಿ ಓಡುತ್ತದೆ, ಮ್ಯಾಚ್ ಮಧ್ಯೆ ಮಾತ್ರ ಕನೆಕ್ಷನ್ ಹೋಗುತ್ತದೆ. ಏನು ಮಾಡಲಿ?" ಓದುಗರು ಮತ್ತೆ ಮತ್ತೆ ಕೇಳುವ ಪ್ರಶ್ನೆ ಇದು. ಆಟದ ಹೆಸರು ಬದಲಾಗುತ್ತದೆ, ಪ್ರಶ್ನೆ ಅದೇ. ಒಬ್ಬೊಬ್ಬರಿಗೇ ಉತ್ತರ ಬರೆಯುವ ಬದಲು ಎಲ್ಲವನ್ನೂ ಒಂದೇ ಕಡೆ ಬರೆದಿದ್ದೇನೆ.

ಈ ತೊಂದರೆ ಬಂದಾಗ ಹೆಚ್ಚಿನವರು ಸಿಕ್ಕ ಸಲಹೆಯನ್ನೆಲ್ಲ ಒಟ್ಟಿಗೆ ಮಾಡಿಬಿಡುತ್ತಾರೆ. ಡಿಎನ್‌ಎಸ್ ಬದಲಿಸುತ್ತಾರೆ, ಪೋರ್ಟ್ ತೆರೆಯುತ್ತಾರೆ, ಫೈರ್‌ವಾಲ್ ಆಫ್ ಮಾಡುತ್ತಾರೆ, ಕೊನೆಗೆ ಜಾಸ್ತಿ ಸ್ಪೀಡಿನ ಪ್ಲಾನ್ ಹಾಕಿಸುತ್ತಾರೆ. ಕನೆಕ್ಷನ್ ಮಾತ್ರ ಹೋಗುತ್ತಲೇ ಇರುತ್ತದೆ. ಆದ್ದರಿಂದ ನನ್ನ ಒಂದೇ ಒಂದು ಕೋರಿಕೆ: ಎಲ್ಲಿ ಕಟ್ ಆಗುತ್ತಿದೆ ಅಂತ ಗೊತ್ತಾಗುವ ತನಕ ಯಾವ ಸೆಟ್ಟಿಂಗನ್ನೂ ಮುಟ್ಟಬೇಡಿ. ಅದು ಗೊತ್ತಾದ ಮೇಲೂ ಒಂದು ಸಲಕ್ಕೆ ಒಂದನ್ನೇ ಬದಲಿಸಿ, ಒಂದೆರಡು ಮ್ಯಾಚ್ ಆಡಿ ನೋಡಿ, ಆಮೇಲೆ ಮುಂದಿನದಕ್ಕೆ ಹೋಗಿ.

ಶುರು ಮಾಡುವ ಮೊದಲು ಮೂರು ಪದ

ಪಿಂಗ್ ಅಂದರೆ ನಿಮ್ಮ ಸಾಧನದಿಂದ ಹೊರಟ ಒಂದು ಸಣ್ಣ ಸಂದೇಶ ಸರ್ವರ್‌ಗೆ ಹೋಗಿ ಉತ್ತರ ವಾಪಸ್ ಬರಲು ಹಿಡಿಯುವ ಸಮಯ. ಇದನ್ನು ಮಿಲಿಸೆಕೆಂಡ್‌ನಲ್ಲಿ ಅಳೆಯುತ್ತಾರೆ. ಈ ಸಮಯ ಒಂದು ಸಲ 30, ಮರುಕ್ಷಣ 90, ಮತ್ತೆ 40 ಎಂದು ಏರಿಳಿದರೆ ಆ ಏರಿಳಿತಕ್ಕೆ ಜಿಟರ್ ಎನ್ನುತ್ತಾರೆ. ಹೋದ ಸಂದೇಶಕ್ಕೆ ಉತ್ತರವೇ ಬಾರದಿದ್ದರೆ ಅದು ಪ್ಯಾಕೆಟ್ ಲಾಸ್. ಪ್ಯಾಕೆಟ್ ಅಂದರೆ ನೆಟ್‌ವರ್ಕ್‌ನಲ್ಲಿ ಓಡಾಡುವ ಮಾಹಿತಿಯ ಒಂದೊಂದು ತುಂಡು.

ಈ ಮೂರರಲ್ಲೂ "ಸ್ಪೀಡ್" ಇಲ್ಲ ಅನ್ನುವುದನ್ನು ಗಮನಿಸಿ. ಸ್ಪೀಡ್ ಅಂದರೆ ಸೆಕೆಂಡಿಗೆ ಎಷ್ಟು ಮಾಹಿತಿ ಸಾಗುತ್ತದೆ ಅನ್ನುವ ಲೆಕ್ಕ. ಆಟಕ್ಕೆ ಬೇಕಾಗುವ ಮಾಹಿತಿ ತುಂಬಾ ಕಡಿಮೆ. ಆಟ ಡೌನ್‌ಲೋಡ್ ಮಾಡುವಾಗ ಹತ್ತಾರು ಜಿಬಿ ಬೇಕು, ನಿಜ. ಆದರೆ ಆಡುವಾಗ ಗಂಟೆಗೆ ಕೆಲವು ನೂರು ಎಂಬಿ ದಾಟುವುದೇ ಅಪರೂಪ. ಬೇಕಾಗಿರುವುದು ಆ ಸಣ್ಣ ಹರಿವು ಎಲ್ಲೂ ತುಂಡಾಗದೆ ಸಾಗುವುದು.

ವಿಡಿಯೋ ಯಾಕೆ ನಿಲ್ಲುವುದಿಲ್ಲ ಅಂತ ಕೇಳಬಹುದು. ವಿಡಿಯೋ ಆ್ಯಪ್ ಮುಂದಿನ ಹಲವು ಸೆಕೆಂಡಿನ ಭಾಗವನ್ನು ಮೊದಲೇ ತಂದಿಟ್ಟುಕೊಂಡಿರುತ್ತದೆ. ಐದು ಸೆಕೆಂಡ್ ಲೈನ್ ಹೋಗಿ ಬಂದರೂ ನಿಮಗೆ ಗೊತ್ತಾಗುವುದಿಲ್ಲ. ಆಟದಲ್ಲಿ ಎದುರಾಳಿ ಮುಂದಿನ ಕ್ಷಣ ಏನು ಮಾಡುತ್ತಾನೆ ಅನ್ನುವುದನ್ನು ಮೊದಲೇ ತಂದಿಡಲು ಆಗುವುದಿಲ್ಲ, ಅಲ್ವಾ? ಹಾಗಾಗಿಯೇ ಇಂಥ ಆಟಗಳಲ್ಲಿ ಹೆಚ್ಚಿನವು ಯುಡಿಪಿ ಎಂಬ ವಿಧಾನ ಬಳಸುತ್ತವೆ. ಇದರಲ್ಲಿ ಕಳೆದುಹೋದ ಪ್ಯಾಕೆಟ್ ತಾನಾಗಿ ಮತ್ತೆ ಬರುವುದಿಲ್ಲ. ಒಂದೆರಡು ಹೋದರೆ ನಿಮ್ಮ ಪಾತ್ರ ಇದ್ದಲ್ಲಿಂದ ಹಿಂದಕ್ಕೆ ಜಿಗಿಯುತ್ತದೆ. ಕೆಲವು ಸೆಕೆಂಡ್ ಏನೂ ಬಾರದಿದ್ದರೆ ನೀವು ಹೊರಟುಹೋದಿರಿ ಎಂದು ಸರ್ವರ್ ಅಂದುಕೊಂಡು ಮ್ಯಾಚ್‌ನಿಂದ ತೆಗೆದುಹಾಕುತ್ತದೆ.

ಬೇಕಾಗುವ ಸಾಮಾನು

ಒಂದು ಕಂಪ್ಯೂಟರ್ ಅಥವಾ ಲ್ಯಾಪ್‌ಟಾಪ್. ನೀವು ಕನ್ಸೋಲ್ ಅಥವಾ ಮೊಬೈಲ್‌ನಲ್ಲಿ ಆಡುವವರಾದರೂ ಪರೀಕ್ಷೆಗೆ ಇದು ಬೇಕು. ಒಂದು ನೆಟ್‌ವರ್ಕ್ ಕೇಬಲ್, ಅಂದರೆ ಎತರ್ನೆಟ್ ಕೇಬಲ್. ಅದರ ಮೇಲೆ ಕ್ಯಾಟ್ 5ಇ ಅಥವಾ ಕ್ಯಾಟ್ 6 ಎಂದು ಬರೆದಿದ್ದರೆ ಸಾಕು. ಲ್ಯಾಪ್‌ಟಾಪ್‌ನಲ್ಲಿ ಕೇಬಲ್ ಪೋರ್ಟ್ ಇಲ್ಲದಿದ್ದರೆ ಯುಎಸ್‌ಬಿಗೆ ಹಾಕುವ ಒಂದು ಅಡಾಪ್ಟರ್. ರೂಟರ್‌ಗೆ ಲಾಗಿನ್ ಆಗುವ ಪಾಸ್‌ವರ್ಡ್. ಇದು ಸಾಮಾನ್ಯವಾಗಿ ರೂಟರ್‌ನ ಕೆಳಗಿನ ಸ್ಟಿಕರ್‌ನಲ್ಲಿರುತ್ತದೆ. ಮತ್ತೆ ಬರೆದುಕೊಳ್ಳಲು ಒಂದು ಹಾಳೆ. ಹಾಳೆ ಯಾಕೆ ಅಂತ ಅದನ್ನು ಮಾತ್ರ ಬಿಡಬೇಡಿ, ಕೊನೆಯಲ್ಲಿ ಅದೇ ಜಾಸ್ತಿ ಕೆಲಸಕ್ಕೆ ಬರುತ್ತದೆ.

ಹಂತ 1: ತೊಂದರೆ ನಿಮ್ಮದೇನಾ ಅಂತ ನೋಡಿ

ಆಟದ ಕಂಪನಿ, ಕನ್ಸೋಲ್ ಕಂಪನಿ ಎರಡೂ ತಮ್ಮ ಸರ್ವರ್‌ಗಳ ಸ್ಥಿತಿ ತಿಳಿಸುವ ಪುಟ ಇಟ್ಟಿರುತ್ತವೆ. ಮೊದಲು ಅದನ್ನು ತೆರೆದು ನೋಡಿ. ದೊಡ್ಡ ಜಾಲಗಳೂ ಬೀಳುತ್ತವೆ. 2025ರ ಫೆಬ್ರವರಿಯಲ್ಲಿ ಪ್ಲೇಸ್ಟೇಷನ್ ನೆಟ್‌ವರ್ಕ್ ಸುಮಾರು ಒಂದು ದಿನ ನಿಂತುಹೋಗಿತ್ತು. ಅಂಥ ದಿನ ನೀವು ರೂಟರ್ ರೀಸೆಟ್ ಮಾಡಿದರೆ ಇದ್ದ ಸೆಟ್ಟಿಂಗ್ ಹಾಳಾಗುತ್ತದೆಯೇ ಹೊರತು ಬೇರೇನೂ ಆಗುವುದಿಲ್ಲ.

ಆಮೇಲೆ ಬೇರೆ ಒಂದು ಆನ್‌ಲೈನ್ ಆಟ ಆಡಿ ನೋಡಿ. ಒಂದೇ ಆಟದಲ್ಲಿ ಕಟ್ ಆಗುತ್ತಿದ್ದರೆ ಆ ಆಟದ ಫೈಲ್ ಅಥವಾ ಸರ್ವರ್ ಕಡೆ ಅನುಮಾನ ಪಡಿ. ಎಲ್ಲದರಲ್ಲೂ ಆಗುತ್ತಿದ್ದರೆ ಮುಂದಿನ ಹಂತಕ್ಕೆ ಬನ್ನಿ.

ಆಟದ ಸೆಟ್ಟಿಂಗ್‌ನಲ್ಲಿ ಸರ್ವರ್ ಪ್ರದೇಶ ಯಾವುದಿದೆ ಅಂತಲೂ ಒಮ್ಮೆ ನೋಡಿಬಿಡಿ. ಫೈಬರ್‌ನಲ್ಲಿ ಬೆಳಕು ಸೆಕೆಂಡಿಗೆ ಸುಮಾರು 2 ಲಕ್ಷ ಕಿಲೋಮೀಟರ್ ಸಾಗುತ್ತದೆ. ಅಂದರೆ ಪ್ರತಿ 1,000 ಕಿಲೋಮೀಟರ್ ದೂರಕ್ಕೆ ಹೋಗಿಬರಲು ಕನಿಷ್ಠ 10 ಮಿಲಿಸೆಕೆಂಡ್ ಬೇಕೇ ಬೇಕು. ಎಂಟು ಸಾವಿರ ಕಿಲೋಮೀಟರ್ ಆಚೆಯ ಸರ್ವರ್ ಆರಿಸಿಕೊಂಡು 30ರ ಪಿಂಗ್ ಬರಲಿ ಅಂದರೆ ಯಾವ ರೂಟರೂ ಕೊಡಲಾರದು.

ಹಂತ 2: ಮೂರು ಕಡೆಗೆ ಪಿಂಗ್ ಮಾಡಿ

ಇಡೀ ಲೇಖನದಲ್ಲಿ ಒಂದೇ ಹಂತ ಮಾಡುತ್ತೇನೆ ಅನ್ನುವವರು ಇದನ್ನೇ ಮಾಡಿ. ನಿಮ್ಮ ಆಟದ ಪ್ಯಾಕೆಟ್ ಮೂರು ತುಂಡು ದಾರಿ ದಾಟುತ್ತದೆ: ನಿಮ್ಮ ಸಾಧನದಿಂದ ರೂಟರ್‌ಗೆ, ರೂಟರ್‌ನಿಂದ ಇಂಟರ್ನೆಟ್ ಕಂಪನಿಗೆ, ಅಲ್ಲಿಂದ ಆಟದ ಸರ್ವರ್‌ಗೆ. ಯಾವ ತುಂಡಿನಲ್ಲಿ ತೊಂದರೆ ಅಂತ ಗೊತ್ತಾದರೆ ಅರ್ಧ ಕೆಲಸ ಮುಗಿದ ಹಾಗೆ.

ವಿಂಡೋಸ್‌ನಲ್ಲಿ ಕಮಾಂಡ್ ಪ್ರಾಂಪ್ಟ್, ಅಂದರೆ ಕಮಾಂಡ್ ಟೈಪ್ ಮಾಡುವ ಕಿಟಕಿ, ತೆರೆಯಿರಿ. ಮುಂದೆ ಹೇಳುವ ಕಮಾಂಡ್‌ಗಳನ್ನೆಲ್ಲ ಇಂಗ್ಲಿಷ್ ಅಕ್ಷರದಲ್ಲೇ ಟೈಪ್ ಮಾಡಬೇಕು. ಮೊದಲು ಐಪಿಕಾನ್ಫಿಗ್ (ipconfig) ಎಂದು ಟೈಪ್ ಮಾಡಿ ಎಂಟರ್ ಒತ್ತಿ. ಬರುವ ಸಾಲುಗಳಲ್ಲಿ "ಡೀಫಾಲ್ಟ್ ಗೇಟ್‌ವೇ" ಎಂಬುದರ ಎದುರು ಇರುವ ಸಂಖ್ಯೆಯೇ ನಿಮ್ಮ ರೂಟರ್‌ನ ವಿಳಾಸ. ಹೆಚ್ಚಾಗಿ ಅದು 192.168.1.1 ಅಥವಾ 192.168.0.1 ಆಗಿರುತ್ತದೆ.

ಇನ್ನು ಇಂಟರ್ನೆಟ್ ಕಂಪನಿಯ ಮೊದಲ ಯಂತ್ರದ ವಿಳಾಸ ಬೇಕು. ಅದಕ್ಕೆ ಟ್ರೇಸರ್ಟ್ (tracert) ಕಮಾಂಡ್ ಇದೆ. ವಿಂಡೋಸ್‌ನಲ್ಲಿ ಅದರ ಹೆಸರು ಕೊನೆಗೆ ಬರೀ "ಟಿ" ಅಕ್ಷರಕ್ಕೆ ಮುಗಿಯುತ್ತದೆ, ಮ್ಯಾಕ್‌ನಲ್ಲಿ "ಟ್ರೇಸ್‌ರೂಟ್ (traceroute)" ಎಂದು ಪೂರ್ತಿ ಬರೆಯಬೇಕು. ಕಮಾಂಡ್ ಬರೆದು, ಸ್ಪೇಸ್ ಬಿಟ್ಟು, 8.8.8.8 ಎಂದು ಹಾಕಿ. ಇದು ಗೂಗಲ್‌ನ ಸಾರ್ವಜನಿಕ ಸರ್ವರ್, ಪರೀಕ್ಷೆಗೆ ಅನುಕೂಲ. ಬರುವ ಪಟ್ಟಿಯಲ್ಲಿ ಮೊದಲ ಸಾಲು ನಿಮ್ಮ ರೂಟರ್, ಎರಡನೆಯದು ಸಾಮಾನ್ಯವಾಗಿ ಕಂಪನಿಯ ಯಂತ್ರ.

ಈಗ ಮೂರು ಕಮಾಂಡ್ ಪ್ರಾಂಪ್ಟ್ ಕಿಟಕಿ ತೆರೆಯಿರಿ. ಒಂದರಲ್ಲಿ ರೂಟರ್‌ಗೆ, ಇನ್ನೊಂದರಲ್ಲಿ ಕಂಪನಿಯ ಯಂತ್ರಕ್ಕೆ, ಮತ್ತೊಂದರಲ್ಲಿ 8.8.8.8ಕ್ಕೆ ಪಿಂಗ್ ಕೊಡಿ. ವಿಂಡೋಸ್‌ನಲ್ಲಿ ಸುಮ್ನೆ ಪಿಂಗ್ ಅಂದರೆ ನಾಲ್ಕೇ ಸಲ ಕಳಿಸಿ ನಿಲ್ಲಿಸುತ್ತದೆ. ನಾಲ್ಕು ಪ್ಯಾಕೆಟ್‌ನಿಂದ ಏನೂ ಗೊತ್ತಾಗುವುದಿಲ್ಲ. ವಿಳಾಸದ ನಂತರ ಸ್ಪೇಸ್ ಬಿಟ್ಟು, ಅಡ್ಡಗೆರೆ ಹಾಕಿ, ಅದಕ್ಕೆ ಅಂಟಿಸಿ "ಟಿ" ಅಕ್ಷರ ಬರೆದರೆ (ping 8.8.8.8 -t ಎಂಬ ಹಾಗೆ) ನೀವು ನಿಲ್ಲಿಸುವ ತನಕ ಕಳಿಸುತ್ತಲೇ ಇರುತ್ತದೆ. ಮ್ಯಾಕ್ ಮತ್ತು ಲಿನಕ್ಸ್‌ನಲ್ಲಿ ಇದು ಬೇಕಿಲ್ಲ, ಅಲ್ಲಿ ತಾನಾಗಿಯೇ ಮುಂದುವರಿಯುತ್ತದೆ. ನಿಲ್ಲಿಸಲು ಕಂಟ್ರೋಲ್ ಜೊತೆ ಸಿ ಒತ್ತಿ.

ಮೂರೂ ಕಿಟಕಿ ಹಾಗೇ ಓಡುತ್ತಿರಲಿ. ನೀವು ಎಂದಿನ ಹಾಗೆ ಆಡಿ. ಕನೆಕ್ಷನ್ ಹೋದ ಕೂಡಲೇ ಗಡಿಯಾರ ನೋಡಿ ಸಮಯ ಬರೆದುಕೊಳ್ಳಿ, ಆಮೇಲೆ ಮೂರೂ ಕಿಟಕಿ ನೋಡಿ.

ರೂಟರ್ ಕಿಟಕಿ ಹೇಗಿರಬೇಕು? ಕೇಬಲ್‌ನಲ್ಲಿದ್ದರೆ ಪ್ರತಿ ಸಾಲಿನಲ್ಲೂ 1 ಮಿಲಿಸೆಕೆಂಡ್ ಅಥವಾ ಅದಕ್ಕಿಂತ ಕಡಿಮೆ. ಒಳ್ಳೆಯ ವೈಫೈ ಆದರೆ 2ರಿಂದ 5, ಆಗೊಮ್ಮೆ ಈಗೊಮ್ಮೆ 10. ಅದರ ಬದಲು 2, 3, 2, 280, "ರಿಕ್ವೆಸ್ಟ್ ಟೈಮ್ಡ್ ಔಟ್", "ರಿಕ್ವೆಸ್ಟ್ ಟೈಮ್ಡ್ ಔಟ್", 190, 3 ಎಂದು ಕಂಡರೆ (ಟೈಮ್ಡ್ ಔಟ್ ಅಂದರೆ ಉತ್ತರ ಬರಲಿಲ್ಲ) ಕಳ್ಳ ಮನೆಯೊಳಗೇ ಇದ್ದಾನೆ. ನಿಮ್ಮ ಇಂಟರ್ನೆಟ್ ಕಂಪನಿಯದು ಇದರಲ್ಲಿ ಏನೂ ತಪ್ಪಿಲ್ಲ. ಹಂತ 3ಕ್ಕೆ ಹೋಗಿ.

ರೂಟರ್ ಕಿಟಕಿ ಶುದ್ಧವಾಗಿದ್ದು ಉಳಿದ ಎರಡರಲ್ಲೂ ಒಂದೇ ಹೊತ್ತಿಗೆ ಟೈಮ್ಡ್ ಔಟ್ ಬಂದಿದ್ದರೆ ಲೈನಿನ ತೊಂದರೆ, ಹಂತ 7. ಟೈಮ್ಡ್ ಔಟ್ ಇಲ್ಲ, ಆದರೆ ಮನೆಯಲ್ಲಿ ಯಾರಾದರೂ ಏನಾದರೂ ಅಪ್‌ಲೋಡ್ ಮಾಡುವಾಗ ಸಂಖ್ಯೆ ಮಾತ್ರ ನೂರಾರು ಮಿಲಿಸೆಕೆಂಡಿಗೆ ಏರುತ್ತದೆ ಅಂದರೆ ಹಂತ 4. ಮೂರೂ ಶುದ್ಧವಾಗಿವೆ, ಆದರೂ ಆಟದಿಂದ ಹೊರಬಿದ್ದಿರಿ ಅಂದರೆ ಹಂತ 5 ಮತ್ತು 6.

ಇಲ್ಲಿ ಜನ ಎಡವುವ ಎರಡು ಜಾಗ ಇವೆ. ಮೊದಲನೆಯದು, ಟ್ರೇಸರ್ಟ್ ಪಟ್ಟಿಯ ಮಧ್ಯೆ ನಕ್ಷತ್ರ ಚಿಹ್ನೆ ಅಥವಾ ದೊಡ್ಡ ಸಂಖ್ಯೆ ಕಂಡ ಕೂಡಲೇ "ಅಗೋ, ಅಲ್ಲೇ ತೊಂದರೆ" ಅನ್ನುವುದು. ದಾರಿಯ ಮಧ್ಯದ ಎಷ್ಟೋ ಯಂತ್ರಗಳು ಬೇರೆಯವರ ಪ್ಯಾಕೆಟನ್ನು ಸರಿಯಾಗಿ ದಾಟಿಸುತ್ತವೆ, ತಮ್ಮನ್ನೇ ಕೇಳಿದ ಪಿಂಗ್‌ಗೆ ಮಾತ್ರ ಉತ್ತರ ಕೊಡುವುದಿಲ್ಲ. ಒಂದು ಸಾಲಿನಲ್ಲಿ ಶುರುವಾದ ಲಾಸ್ ಕೊನೆಯ ಸಾಲಿನ ತನಕ ಮುಂದುವರಿದರೆ ಮಾತ್ರ ಅದು ನಿಜವಾದ ಲಾಸ್. ಕಂಪನಿಯ ಯಂತ್ರ ಪಿಂಗ್‌ಗೆ ಉತ್ತರವನ್ನೇ ಕೊಡದಿದ್ದರೆ ಅದರ ಬದಲು 1.1.1.1 ಎಂಬ ಇನ್ನೊಂದು ಸಾರ್ವಜನಿಕ ಸರ್ವರ್ ಬಳಸಿ. ಎರಡನೆಯದು, ಸ್ಪೀಡ್ ಟೆಸ್ಟ್ ನೋಡಿ ಸಮಾಧಾನ ಪಡುವುದು. ಸ್ಪೀಡ್ ಟೆಸ್ಟ್ ಓಡುವುದು ಅರ್ಧ ನಿಮಿಷ. ನಿಮ್ಮ ಲೈನ್ ಹೋಗುವುದು ಇಪ್ಪತ್ತು ನಿಮಿಷಕ್ಕೊಮ್ಮೆ ಅಂದರೆ ಅದು ಹೇಗೆ ಸಿಕ್ಕಿಬೀಳುತ್ತದೆ?

ಹಂತ 3: ಮನೆಯೊಳಗಿನ ದಾರಿ ಸರಿಮಾಡಿ

ನನ್ನನ್ನು ಕೇಳಿದರೆ, ಸಾಧ್ಯವಿದ್ದರೆ ಕೇಬಲ್ ಹಾಕಿ, ಮುಗಿಯಿತು. ಆಟಕ್ಕೆ ಕೇಬಲ್‌ಗಿಂತ ಒಳ್ಳೆಯ ಪರಿಹಾರ ಇಲ್ಲ. ದುಬಾರಿ "ಗೇಮಿಂಗ್" ರೂಟರ್‌ನ ವೈಫೈಗಿಂತ ಸಾದಾ ರೂಟರ್‌ನ ಕೇಬಲ್ ಮೇಲು. ಕ್ಯಾಟ್ 5ಇ ಕೇಬಲ್ 100 ಮೀಟರ್ ತನಕ 1 ಗಿಗಾಬಿಟ್ ಸಾಗಿಸುತ್ತದೆ, ಮನೆಗೆ ಧಾರಾಳವಾಯಿತು. ಗೋಡೆಯಂಚಿನಲ್ಲಿ ಕೇಬಲ್ ಎಳೆಯಲು ಆಗದಿದ್ದರೂ ಪರೀಕ್ಷೆಗಾಗಿ ಒಂದು ಸಂಜೆ ನೆಲದ ಮೇಲೆ ಹಾಸಿಕೊಂಡು ಆಡಿ ನೋಡಿ. ತೊಂದರೆ ಪೂರ್ತಿ ಹೋದರೆ ಕಾರಣ ವೈಫೈ ಅಂತ ಖಚಿತವಾಯಿತು.

ಕೇಬಲ್ ಹಾಕಿದ ಮೇಲೂ ಕಟ್ ಆಗುತ್ತಿದ್ದರೆ ಕೇಬಲನ್ನೇ ನೋಡಿ. ತುದಿಯ ಪ್ಲಾಸ್ಟಿಕ್ ಕ್ಲಿಪ್ ಮುರಿದಿದ್ದರೆ ಪ್ಲಗ್ ಸಡಿಲವಾಗಿ ಕೂತಿರುತ್ತದೆ, ಕಾಲು ತಾಗಿದರೆ ಸಾಕು, ಲೈನ್ ಹೋಗುತ್ತದೆ. ವಿಂಡೋಸ್ ನೆಟ್‌ವರ್ಕ್ ಸೆಟ್ಟಿಂಗ್‌ನಲ್ಲಿ ಲಿಂಕ್ ಸ್ಪೀಡ್ ಎಂಬ ಸಾಲಿದೆ. ರೂಟರ್ ಮತ್ತು ಕಂಪ್ಯೂಟರ್ ಎರಡೂ ಗಿಗಾಬಿಟ್‌ನವಾಗಿದ್ದರೆ ಅಲ್ಲಿ 1000 ಎಂದಿರಬೇಕು. 100 ಎಂದು ಕಾಣಿಸಿದರೆ, ಕೇಬಲ್ ಒಳಗಿನ ನಾಲ್ಕು ಜೋಡಿ ತಂತಿಗಳಲ್ಲಿ ಯಾವುದೋ ಒಂದು ಸರಿಯಾಗಿ ತಾಗುತ್ತಿಲ್ಲ ಅಂತ ಬಲವಾದ ಅನುಮಾನ ಪಡಬಹುದು. ರಿಪೇರಿಗೆ ಕೂರಬೇಡಿ, ಬೇರೆ ಕೇಬಲ್ ಹಾಕಿ.

ಕೇಬಲ್ ಸಾಧ್ಯವೇ ಇಲ್ಲ ಅನ್ನುವವರಿಗೆ ವೈಫೈ ಸುಧಾರಿಸುವ ದಾರಿ ಇದೆ. ರೂಟರ್‌ಗಳು ಸಾಮಾನ್ಯವಾಗಿ 2.4 ಮತ್ತು 5 ಗಿಗಾಹರ್ಟ್ಸ್ ಎಂಬ ಎರಡು ಬ್ಯಾಂಡ್‌ನಲ್ಲಿ ಸಿಗ್ನಲ್ ಕೊಡುತ್ತವೆ. 2.4ರದ್ದು ದೂರ ಹೋಗುತ್ತದೆ, ಗೋಡೆ ದಾಟುತ್ತದೆ, ಆದರೆ ಅಲ್ಲಿ ಗದ್ದಲ ಜಾಸ್ತಿ. ಅಕ್ಕಪಕ್ಕದವರ ರೂಟರ್, ಬ್ಲೂಟೂತ್ ಹೆಡ್‌ಫೋನ್, ಮೈಕ್ರೋವೇವ್ ಒವನ್ ಎಲ್ಲವೂ ಅದೇ ಜಾಗದಲ್ಲಿ ಕೆಲಸ ಮಾಡುತ್ತವೆ. ಕಂಪ್ಯೂಟರ್‌ನ ಯುಎಸ್‌ಬಿ 3 ಪೋರ್ಟ್‌ಗೆ ಹಾಕಿದ ಹಾರ್ಡ್ ಡಿಸ್ಕ್ ಕೂಡ ಹತ್ತಿರದ ವೈಫೈ ಡಾಂಗಲ್‌ಗೆ ಅಡ್ಡಿ ಮಾಡುತ್ತದೆ. ರೂಟರ್ ಅದೇ ಕೋಣೆಯಲ್ಲಿ ಅಥವಾ ಪಕ್ಕದ ಕೋಣೆಯಲ್ಲಿದ್ದರೆ 5 ಬಳಸಿ.

ಎರಡೂ ಬ್ಯಾಂಡ್‌ಗೆ ಒಂದೇ ಹೆಸರಿದ್ದರೆ ರೂಟರ್ ನಿಮ್ಮ ಸಾಧನವನ್ನು ತನಗೆ ಬೇಕಾದಾಗ ಒಂದರಿಂದ ಇನ್ನೊಂದಕ್ಕೆ ದಾಟಿಸುತ್ತದೆ. ಆ ದಾಟುವ ಕ್ಷಣದಲ್ಲೇ ಮ್ಯಾಚ್ ಹೋಗಬಹುದು. ರೂಟರ್ ಸೆಟ್ಟಿಂಗ್‌ಗೆ ಹೋಗಿ ಎರಡಕ್ಕೂ ಬೇರೆ ಬೇರೆ ಹೆಸರು ಕೊಡಿ, ಆಡುವ ಸಾಧನವನ್ನು 5ಕ್ಕೆ ಮಾತ್ರ ಜೋಡಿಸಿ, 2.4ರ ಹೆಸರನ್ನು ಅದರಲ್ಲಿ ಮರೆಸಿಬಿಡಿ.

5 ಗಿಗಾಹರ್ಟ್ಸ್‌ನಲ್ಲಿ ಒಂದು ಗುಟ್ಟು ಇದೆ, ಇದು ತುಂಬಾ ಜನರಿಗೆ ಗೊತ್ತಿಲ್ಲ. ಬ್ಯಾಂಡ್‌ನೊಳಗಿನ ಸಣ್ಣ ಸಣ್ಣ ವಿಭಾಗಗಳಿಗೆ ಚಾನೆಲ್ ಎನ್ನುತ್ತಾರೆ. ಚಾನೆಲ್ 52ರಿಂದ 144ರ ತನಕದ ಜಾಗವನ್ನು ಹವಾಮಾನ ಮತ್ತಿತರ ರೇಡಾರ್‌ಗಳೂ ಬಳಸುತ್ತವೆ. ಅಲ್ಲಿ ರೂಟರ್‌ಗೆ ರೇಡಾರ್ ಸಿಗ್ನಲ್ ಕೇಳಿಸಿದರೆ ನಿಯಮದ ಪ್ರಕಾರ ಅದು ಕೂಡಲೇ ಚಾನೆಲ್ ಬಿಟ್ಟು ಹೋಗಲೇಬೇಕು. ಹೋದ ಕಡೆಯೂ ಅಂಥದ್ದೇ ಚಾನೆಲ್ ಆದರೆ ಕನಿಷ್ಠ ಒಂದು ನಿಮಿಷ ಕೇಳಿಸಿಕೊಂಡೇ ಶುರು ಮಾಡಬೇಕು. ಎಲ್ಲ ಚೆನ್ನಾಗಿದ್ದು, ಇದ್ದಕ್ಕಿದ್ದಂತೆ 5ರ ವೈಫೈ ಹೆಸರೇ ಒಂದೆರಡು ನಿಮಿಷ ಮಾಯವಾಗಿ ಮತ್ತೆ ಬರುತ್ತಿದ್ದರೆ ಇದೇ ಕಾರಣ ಇರಬಹುದು. ಚಾನೆಲನ್ನು ಆಟೋದಿಂದ ತೆಗೆದು 36, 40, 44, 48 ಇವುಗಳಲ್ಲಿ ಒಂದಕ್ಕೆ ಇಡಿ. 2.4ರಲ್ಲೇ ಇರಬೇಕಾದವರು 1, 6, 11 ಇವುಗಳಲ್ಲಿ ಖಾಲಿ ಇರುವುದನ್ನು ಆರಿಸಿ, ಚಾನೆಲ್ ಅಗಲವನ್ನು 20 ಮೆಗಾಹರ್ಟ್ಸ್‌ಗೆ ಇಡಿ.

ವೈಫೈ ಎಕ್ಸ್‌ಟೆಂಡರ್ ಕೊಳ್ಳುವ ಮುನ್ನ ಯೋಚಿಸಿ. ಸಿಗ್ನಲ್ ಕಡ್ಡಿ ಪೂರ್ತಿ ಕಾಣುತ್ತದೆ, ನಿಜ. ಆದರೆ ಪ್ರತಿ ಪ್ಯಾಕೆಟೂ ಗಾಳಿಯಲ್ಲಿ ಎರಡು ಸಲ ಹಾರಬೇಕಾಗುತ್ತದೆ, ಜಿಟರ್ ಹೆಚ್ಚುತ್ತದೆ. ಅದರ ಬದಲು ರೂಟರನ್ನೇ ಕಪಾಟಿನ ಒಳಗಿಂದ, ಟಿವಿ ಹಿಂದಿನಿಂದ ಹೊರಗೆ ತಂದು ಎತ್ತರದಲ್ಲಿಡಿ.

ಮೊಬೈಲ್‌ನಲ್ಲಿ ಆಡುವವರಿಗೆ ಇನ್ನೊಂದು ಮಾತು. ವೈಫೈ ಸ್ವಲ್ಪ ದುರ್ಬಲವಾದರೆ ಫೋನ್ ತಾನಾಗಿ ಮೊಬೈಲ್ ಡೇಟಾಗೆ ಹೋಗುವ ಸೌಲಭ್ಯ ಹಲವು ಆಂಡ್ರಾಯ್ಡ್ ಫೋನ್‌ಗಳಲ್ಲಿದೆ. ಐಫೋನ್‌ನಲ್ಲಿ ಅದರ ಹೆಸರು ವೈಫೈ ಅಸಿಸ್ಟ್. ಹಾಗೆ ಹೋದ ಕೂಡಲೇ ನಿಮ್ಮ ಐಪಿ ವಿಳಾಸ, ಅಂದರೆ ಇಂಟರ್ನೆಟ್‌ನಲ್ಲಿ ನಿಮ್ಮನ್ನು ಗುರುತಿಸುವ ಸಂಖ್ಯೆ, ಬದಲಾಗುತ್ತದೆ. ಆಟದ ಸರ್ವರ್ ಕಣ್ಣಿಗೆ ನೀವು ಬೇರೆ ಯಾರೋ ಆಗುತ್ತೀರಿ. ಆಡುವಾಗ ಅದನ್ನು ಆಫ್ ಮಾಡಿ, ಬ್ಯಾಟರಿ ಸೇವರ್ ಕೂಡ ಆಫ್ ಮಾಡಿ.

ಹಂತ 4: ಬೇರೆಯವರು ನೆಟ್ ಬಳಸಿದಾಗ ಮಾತ್ರ ಆಗುತ್ತದೆಯಾ?

8.8.8.8ಕ್ಕೆ ಪಿಂಗ್ ಓಡುತ್ತಿರುವಾಗಲೇ ಒಂದು ದೊಡ್ಡ ವಿಡಿಯೋ ಫೈಲನ್ನು ಕ್ಲೌಡ್‌ಗೆ ಅಪ್‌ಲೋಡ್ ಮಾಡಿ. 20 ಇದ್ದ ಸಂಖ್ಯೆ 300, 500ಕ್ಕೆ ಏರಿ, ಅಪ್‌ಲೋಡ್ ನಿಲ್ಲಿಸಿದ ಕೂಡಲೇ 20ಕ್ಕೆ ಇಳಿದರೆ ಕಾಯಿಲೆಯ ಹೆಸರು ಬಫರ್‌ಬ್ಲೋಟ್. ಲೈನಿನ ಸಾಮರ್ಥ್ಯಕ್ಕಿಂತ ಜಾಸ್ತಿ ಮಾಹಿತಿ ಬಂದಾಗ ರೂಟರ್ ಅದನ್ನು ತನ್ನ ಮೆಮೊರಿಯಲ್ಲಿ ಸಾಲಾಗಿ ನಿಲ್ಲಿಸಿಕೊಳ್ಳುತ್ತದೆ. ಆ ಸಾಲು ತೀರಾ ಉದ್ದವಾದರೆ ನಿಮ್ಮ ಆಟದ ಪುಟ್ಟ ಪ್ಯಾಕೆಟ್, ಯಾರದೋ ಫೋಟೋ ಬ್ಯಾಕಪ್‌ನ ಸಾವಿರಾರು ಪ್ಯಾಕೆಟ್‌ಗಳ ಹಿಂದೆ ಕಾಯಬೇಕಾಗುತ್ತದೆ. ಜಿಮ್ ಗೆಟಿಸ್ ಎಂಬ ಇಂಜಿನಿಯರ್ 2010ರಲ್ಲಿ ತಮ್ಮ ಮನೆಯ ಲೈನ್‌ನಲ್ಲೇ ಇದನ್ನು ಅಳೆದು ಎಲ್ಲರ ಗಮನಕ್ಕೆ ತಂದರು. ಇದಕ್ಕೆ ಮದ್ದಾಗಿ ಬಂದ ಎಫ್‌ಕ್ಯೂ ಕೋಡೆಲ್ ಎಂಬ ವಿಧಾನ 2018ರಲ್ಲಿ ಆರ್‌ಎಫ್‌ಸಿ 8290 ಎಂಬ ದಾಖಲೆಯಾಗಿ ಪ್ರಕಟವಾಯಿತು.

ನಿಮ್ಮ ರೂಟರ್ ಸೆಟ್ಟಿಂಗ್‌ನಲ್ಲಿ ಈ ಸಾಲನ್ನು ಚಿಕ್ಕದಾಗಿಡುವ ಎಸ್‌ಕ್ಯೂಎಂ, ಎಫ್‌ಕ್ಯೂ ಕೋಡೆಲ್ ಅಥವಾ ಕೇಕ್ ಎಂಬ ಹೆಸರು ಇದೆಯಾ ನೋಡಿ. ಇದ್ದರೆ ಆನ್ ಮಾಡಿ. ಅದು ಡೌನ್‌ಲೋಡ್ ಮತ್ತು ಅಪ್‌ಲೋಡ್ ಮಿತಿ ಕೇಳುತ್ತದೆ. ನೀವು ಅಳೆದ ಸ್ಪೀಡಿನ 85ರಿಂದ 90 ಶೇಕಡ ಹಾಕಿ. 100 ಎಂಬಿಪಿಎಸ್ ಬರುತ್ತಿದ್ದರೆ 85 ಅಥವಾ 90. ಸ್ವಲ್ಪ ಸ್ಪೀಡ್ ಬಿಟ್ಟುಕೊಡುವುದಕ್ಕೆ ಮನಸ್ಸು ಬರುವುದಿಲ್ಲ, ಆದರೆ ಬಿಟ್ಟುಕೊಡಿ. ಪೂರ್ತಿ 100 ಹಾಕಿದರೆ ಸಾಲು ಮತ್ತೆ ಬೇರೆ ಕಡೆ ಬೆಳೆಯುತ್ತದೆ, ಪ್ರಯೋಜನ ಆಗುವುದಿಲ್ಲ. ಈ ಕೆಲಸಕ್ಕೆ ರೂಟರ್‌ನ ಪ್ರೊಸೆಸರ್ ಬೆವರು ಸುರಿಸಬೇಕಾಗುತ್ತದೆ. ಹಳೆಯ ರೂಟರ್, ತುಂಬಾ ವೇಗದ ಲೈನ್ ಅಂದರೆ ಒಟ್ಟು ಸ್ಪೀಡ್ ಜಾಸ್ತಿಯೇ ಇಳಿಯಬಹುದು.

ರೂಟರ್‌ನಲ್ಲಿ ಈ ಸೌಲಭ್ಯ ಇಲ್ಲದಿದ್ದರೆ ಕ್ಲೌಡ್ ಬ್ಯಾಕಪ್ ಆ್ಯಪ್‌ನಲ್ಲೇ ಅಪ್‌ಲೋಡ್ ಮಿತಿ ಹಾಕಿ, ದೊಡ್ಡ ಅಪ್‌ಡೇಟ್‌ಗಳು ರಾತ್ರಿ ನಡೆಯುವ ಹಾಗೆ ಮಾಡಿ. ರೂಟರ್‌ಗೆ ಓಪನ್‌ಡಬ್ಲ್ಯೂಆರ್‌ಟಿ ಎಂಬ ಬೇರೆ ಸಾಫ್ಟ್‌ವೇರ್ ಹಾಕಲು ಬರುವವರಿಗೆ ಅದರಲ್ಲಿ ಎಸ್‌ಕ್ಯೂಎಂ ಸಿಗುತ್ತದೆ.

ಹಂತ 5: ನ್ಯಾಟ್ ನೋಡಿ, ಆದರೆ ಇದನ್ನೇ ಮೊದಲು ಮಾಡಬೇಡಿ

ಮನೆಯ ಎಲ್ಲ ಸಾಧನಗಳೂ ಹೊರಗೆ ಒಂದೇ ಐಪಿ ವಿಳಾಸದಿಂದ ಕಾಣುವ ಹಾಗೆ ರೂಟರ್ ಮಾಡುವ ಏರ್ಪಾಟಿಗೆ ನ್ಯಾಟ್ ಎನ್ನುತ್ತಾರೆ. ಎಕ್ಸ್‌ಬಾಕ್ಸ್ ಇದನ್ನು ಓಪನ್, ಮಾಡರೇಟ್, ಸ್ಟ್ರಿಕ್ಟ್ ಎಂದು ತೋರಿಸುತ್ತದೆ. ಪ್ಲೇಸ್ಟೇಷನ್‌ನಲ್ಲಿ ಟೈಪ್ 1, 2, 3. ಸ್ಟ್ರಿಕ್ಟ್ ಅಥವಾ ಟೈಪ್ 3 ಇದ್ದರೆ ಹೊರಗಿನಿಂದ ಬರುವ ಸಂಪರ್ಕಗಳು ಬಾಗಿಲಲ್ಲೇ ನಿಲ್ಲುತ್ತವೆ.

ನ್ಯಾಟ್ ತೊಂದರೆಯ ಲಕ್ಷಣ ಬೇರೆ. ಲಾಬಿಗೆ ಸೇರಲು ಆಗುವುದಿಲ್ಲ, ಗೆಳೆಯರ ಧ್ವನಿ ಕೇಳಿಸುವುದಿಲ್ಲ, ಮ್ಯಾಚ್ ಶುರುವಾಗುವ ಮೊದಲೇ ಹೊರಬೀಳುತ್ತೀರಿ. ಇಪ್ಪತ್ತು ನಿಮಿಷ ಚೆನ್ನಾಗಿ ಆಡಿ ಆಮೇಲೆ ಕಟ್ ಆಗುತ್ತಿದ್ದರೆ ನ್ಯಾಟ್ ಕಾರಣ ಆಗಿರುವ ಸಾಧ್ಯತೆ ಕಡಿಮೆ. ಆಟಗಾರರಲ್ಲಿ ಒಬ್ಬರ ಸಾಧನವೇ ಸರ್ವರ್ ಆಗಿ ಕೆಲಸ ಮಾಡುವ ಆಟಗಳಲ್ಲಿ ಮಾತ್ರ ಇದಕ್ಕೆ ಹೊರತು.

ಲಕ್ಷಣ ಹೊಂದಿಕೆಯಾದರೆ ಹೀಗೆ ಮಾಡಿ. ರೂಟರ್‌ನಲ್ಲಿ ಯುಪಿಎನ್‌ಪಿ ಆನ್ ಮಾಡಿ, ಕನ್ಸೋಲ್ ಪೂರ್ತಿ ಆಫ್ ಮಾಡಿ ಮತ್ತೆ ಹಾಕಿ. ಬೇಕಾದ ಪೋರ್ಟನ್ನು, ಅಂದರೆ ಒಳಬರುವ ದಾರಿಯನ್ನು, ಆಟ ತಾನೇ ಕೇಳಿ ತೆರೆಸಿಕೊಳ್ಳುವ ವ್ಯವಸ್ಥೆ ಇದು. ಸರಿಹೋಗದಿದ್ದರೆ ಕೈಯಾರೆ ಪೋರ್ಟ್ ಫಾರ್ವರ್ಡ್ ಮಾಡಬಹುದು. ಎಕ್ಸ್‌ಬಾಕ್ಸ್‌ಗೆ ಮುಖ್ಯವಾದದ್ದು 3074. ಅದಕ್ಕೂ ಮೊದಲು ಆ ಸಾಧನಕ್ಕೆ ರೂಟರ್‌ನಲ್ಲಿ ಬದಲಾಗದ ಒಂದು ಒಳವಿಳಾಸ ಕೊಡಿ. ಇಲ್ಲದಿದ್ದರೆ ನಾಳೆ ವಿಳಾಸ ಬದಲಾಗುತ್ತದೆ, ನಿಮ್ಮ ಪೋರ್ಟ್ ಬೇರೆ ಸಾಧನದತ್ತ ತೆರೆದಿರುತ್ತದೆ. ಡಿಎಂಝಡ್ ಎಂಬ ಸೆಟ್ಟಿಂಗ್‌ನಲ್ಲಿ ಕಂಪ್ಯೂಟರನ್ನು ಮಾತ್ರ ಎಂದಿಗೂ ಹಾಕಬೇಡಿ. ಅದು ಎಲ್ಲ ಬಾಗಿಲನ್ನೂ ತೆರೆದಿಟ್ಟ ಹಾಗೆ.

ಆದರೂ ಓಪನ್ ಆಗದಿದ್ದರೆ ರೂಟರ್‌ನ ಸ್ಟೇಟಸ್ ಪುಟದಲ್ಲಿ ವ್ಯಾನ್ ಐಪಿ, ಅಂದರೆ ರೂಟರ್‌ಗೆ ಹೊರಗಿನ ಕಡೆಯಿಂದ ಸಿಕ್ಕ ವಿಳಾಸ, ನೋಡಿ. 192.168 ಎಂದು ಶುರುವಾದರೆ ನಿಮ್ಮ ರೂಟರ್ ಮುಂದೆ ಇನ್ನೊಂದು ರೂಟರ್ ಇದೆ. ಕಂಪನಿ ಕೊಟ್ಟ ಡಬ್ಬಿಯೂ ರೂಟರ್ ಕೆಲಸ ಮಾಡುತ್ತಿರುತ್ತದೆ. ಅದನ್ನು ಬ್ರಿಡ್ಜ್ ಮೋಡ್‌ಗೆ, ಅಂದರೆ ರೂಟರ್ ಕೆಲಸ ಬಿಟ್ಟು ಲೈನ್ ಮಾತ್ರ ದಾಟಿಸುವ ಹಾಗೆ, ಹಾಕಲು ಕಂಪನಿಯವರಿಗೆ ಹೇಳಿ. 100.64ರಿಂದ 100.127ರ ಒಳಗೆ ಇದ್ದರೆ ಕಂಪನಿಯೇ ಹಲವು ಗ್ರಾಹಕರಿಗೆ ಒಂದೇ ವಿಳಾಸ ಹಂಚುತ್ತಿದೆ, ಇದಕ್ಕೆ ಸಿಜಿನ್ಯಾಟ್ ಎನ್ನುತ್ತಾರೆ. ಆಗ ನೀವು ಎಷ್ಟು ಪೋರ್ಟ್ ತೆರೆದರೂ ವ್ಯರ್ಥ. ಪಬ್ಲಿಕ್ ಐಪಿ, ಅಂದರೆ ನಿಮಗೊಬ್ಬರಿಗೇ ಮೀಸಲಾದ ಹೊರವಿಳಾಸ, ಕೊಡಿ ಎಂದು ಕೇಳಿ, ರೂಟರ್‌ನಲ್ಲಿ ಐಪಿವಿ6 ಎಂಬ ಹೊಸ ಬಗೆಯ ವಿಳಾಸ ಆನ್ ಮಾಡಿ ನೋಡಿ.

ಹಂತ 6: ಕಂಪ್ಯೂಟರ್ ಮತ್ತು ಆಟದ ಒಳಗೆ

ವಿಂಡೋಸ್‌ನ ಡಿವೈಸ್ ಮ್ಯಾನೇಜರ್‌ನಲ್ಲಿ ನಿಮ್ಮ ನೆಟ್‌ವರ್ಕ್ ಅಡಾಪ್ಟರ್ ತೆರೆಯಿರಿ. ಪವರ್ ಮ್ಯಾನೇಜ್‌ಮೆಂಟ್ ಎಂಬ ಭಾಗ ಕಂಡರೆ, ವಿದ್ಯುತ್ ಉಳಿಸಲು ಈ ಸಾಧನವನ್ನು ಆಫ್ ಮಾಡಬಹುದು ಎಂಬ ಟಿಕ್ ತೆಗೆಯಿರಿ. ಅಡಾಪ್ಟರ್ ಡ್ರೈವರನ್ನು ಲ್ಯಾಪ್‌ಟಾಪ್ ಅಥವಾ ಮದರ್‌ಬೋರ್ಡ್ ಕಂಪನಿಯ ಜಾಲತಾಣದಿಂದಲೇ ಇಳಿಸಿ ಹಾಕಿ. ಬೇಡದ ಸಂಪರ್ಕಗಳನ್ನು ತಡೆಯುವ ಫೈರ್‌ವಾಲ್‌ನ ಪಟ್ಟಿಯಲ್ಲಿ ಆಟಕ್ಕೆ ಅನುಮತಿ ಇದೆಯಾ ನೋಡಿ. ಫೈರ್‌ವಾಲನ್ನೇ ಆಫ್ ಮಾಡಿ ಬಿಡಬೇಡಿ. ಆಟದ ಫೈಲ್ ಹಾಳಾಗಿದ್ದರೂ ಸರ್ವರ್ ಹೊರಹಾಕುತ್ತದೆ. ಸ್ಟೀಮ್‌ನಲ್ಲಿ ಆಟದ ಹೆಸರಿನ ಮೇಲೆ ರೈಟ್ ಕ್ಲಿಕ್ ಮಾಡಿ, ಪ್ರಾಪರ್ಟೀಸ್‌ನ ಇನ್‌ಸ್ಟಾಲ್ಡ್ ಫೈಲ್ಸ್ ಭಾಗದಲ್ಲಿ ಫೈಲ್ ಪರೀಕ್ಷಿಸುವ ಬಟನ್ ಇದೆ. ವಿಪಿಎನ್ ಹಾಕಿಕೊಂಡಿದ್ದರೆ ತೆಗೆದು ಒಮ್ಮೆ ಆಡಿ.

ಡಿಎನ್‌ಎಸ್ ಬದಲಿಸುವುದರ ಬಗ್ಗೆ ತುಂಬಾ ಜನ ಕೇಳುತ್ತಾರೆ. ಡಿಎನ್‌ಎಸ್ ಮಾಡುವುದು ಸರ್ವರ್‌ನ ಹೆಸರಿನಿಂದ ಅದರ ವಿಳಾಸ ಹುಡುಕಿಕೊಡುವ ಕೆಲಸ. ಲಾಗಿನ್ ಆಗುವುದೇ ಕಷ್ಟವಾಗುತ್ತಿದ್ದರೆ ಬದಲಿಸಿ ನೋಡಬಹುದು. ಮ್ಯಾಚ್ ಶುರುವಾದ ಮೇಲೆ ಅದಕ್ಕೆ ಅಲ್ಲಿ ಕೆಲಸವೇ ಇಲ್ಲ. ಕಟ್ ಆಗುವುದಕ್ಕೆ ಅದು ಮದ್ದಲ್ಲ.

ಹಂತ 7: ಲೈನಿನ ತೊಂದರೆ ಆದರೆ ಸಾಕ್ಷಿ ಸಮೇತ ಹೇಳಿ

ಮೊದಲು ನಿಮ್ಮ ಕೈಲಾಗುವುದನ್ನು ನೋಡಿ. ಫೈಬರ್ ಆದರೆ, ಡಬ್ಬಿಗೆ ಬರುವ ತೆಳು ತಂತಿ ಎಲ್ಲಾದರೂ ಬಿಗಿಯಾಗಿ ಮಡಚಿದೆಯಾ ನೋಡಿ. ಎಲ್‌ಒಎಸ್ ಎಂಬ ಕೆಂಪು ದೀಪ ಉರಿದರೆ ಬೆಳಕು ತಲುಪುತ್ತಿಲ್ಲ ಎಂದರ್ಥ. ಕೆಲವು ಡಬ್ಬಿಗಳ ಸ್ಟೇಟಸ್ ಪುಟದಲ್ಲಿ ಆರ್‌ಎಕ್ಸ್ ಪವರ್ ಎಂಬ ಸಂಖ್ಯೆ, ಅಂದರೆ ಡಬ್ಬಿಗೆ ತಲುಪುತ್ತಿರುವ ಬೆಳಕಿನ ಬಲ, ಸಿಗುತ್ತದೆ. ಸಾಮಾನ್ಯವಾಗಿ ಬಳಸುವ ಜಿಪಾನ್ ಫೈಬರ್‌ನಲ್ಲಿ ಅದು ಮೈನಸ್ 8 ಮತ್ತು ಮೈನಸ್ 27 ಡಿಬಿಎಂ ನಡುವೆ ಇರಬೇಕು. ಮೈನಸ್ 27ರ ಅಂಚಿನಲ್ಲಿದ್ದರೆ ಲೈನ್ ಆಗಾಗ ಹೋಗಿಬರುತ್ತದೆ. ಫೈಬರ್ ತುದಿಯನ್ನು ಕಣ್ಣಿಗೆ ಹಿಡಿದು ನೋಡಬೇಡಿ. ಅದರಲ್ಲಿ ಬರುವ ಲೇಸರ್ ಕಣ್ಣಿಗೆ ಕಾಣುವುದಿಲ್ಲ, ಆದರೆ ಹಾನಿ ಮಾಡಬಲ್ಲದು.

ರೂಟರ್ ಮುಟ್ಟಿದರೆ ಕೈ ಹಿಂದಕ್ಕೆ ಎಳೆಯುವಷ್ಟು ಬಿಸಿ ಇದ್ದರೆ ಗಾಳಿಯಾಡುವ ಜಾಗಕ್ಕೆ ಸರಿಸಿ. ಫರ್ಮ್‌ವೇರ್, ಅಂದರೆ ರೂಟರ್ ಒಳಗಿನ ಸಾಫ್ಟ್‌ವೇರ್, ಅಪ್‌ಡೇಟ್ ಇದ್ದರೆ ಹಾಕಿ. ಆದರೆ ಹಿಂದಿನ ಸಣ್ಣ ತೂತಿಗೆ ಪಿನ್ ಚುಚ್ಚಿ ರೀಸೆಟ್ ಮಾಡುವ ಮೊದಲು ನಿಲ್ಲಿ. ಯೂಸರ್‌ನೇಮ್, ಪಾಸ್‌ವರ್ಡ್ ಹಾಕಿ ಶುರುವಾಗುವ ಲೈನ್ ಆದರೆ ಅವೆರಡೂ ಅಳಿಸಿಹೋಗುತ್ತವೆ. ಬರೆದಿಟ್ಟುಕೊಳ್ಳದಿದ್ದರೆ ಇರುವ ನೆಟ್ಟೂ ಹೋಗುತ್ತದೆ.

ಇನ್ನು ನಿಮ್ಮ ಹಾಳೆ ತೆಗೆಯಿರಿ. ಕಟ್ ಆದ ಸಮಯಗಳನ್ನು ಸಾಲಾಗಿ ನೋಡಿದರೆ ಒಂದು ಮಾದರಿ ಕಾಣಬಹುದು. ಸಂಜೆಯಿಂದ ರಾತ್ರಿಯ ತನಕ ಮಾತ್ರ ಆಗುತ್ತಿದ್ದರೆ ಕಂಪನಿಯ ಜಾಲದಲ್ಲಿ ದಟ್ಟಣೆ. ಮಳೆ ಬಂದಾಗ ಮಾತ್ರ ಅಂದರೆ ಹೊರಗಿನ ತಂತಿಯ ಜೋಡಣೆಯಲ್ಲಿ ನೀರು. ಗಡಿಯಾರ ಇಟ್ಟ ಹಾಗೆ ಇಂತಿಷ್ಟೇ ಗಂಟೆಗೊಮ್ಮೆ ಅಂದರೆ ಲೈನ್ ಮತ್ತೆ ಲಾಗಿನ್ ಆಗುತ್ತಿದೆ. ರೂಟರ್‌ನ ಲಾಗ್ ಪುಟದಲ್ಲಿ ಅದೇ ಸಮಯಕ್ಕೆ ಸಾಲು ಬಿದ್ದಿದೆಯಾ ಹುಡುಕಿ.

"ಗೇಮ್ ಲ್ಯಾಗ್ ಆಗ್ತಿದೆ" ಎಂದು ಫೋನ್ ಮಾಡಿದರೆ ರೂಟರ್ ಆಫ್ ಮಾಡಿ ಆನ್ ಮಾಡಿ ಅನ್ನುವ ಉತ್ತರವೇ ಬರುತ್ತದೆ. ಅದರ ಬದಲು ಹೀಗೆ ಬರೆದು ಕಳಿಸಿ:

"ಕಂಪ್ಯೂಟರನ್ನು ರೂಟರ್‌ಗೆ ಕೇಬಲ್‌ನಲ್ಲಿ ಜೋಡಿಸಿ ಎರಡು ಗಂಟೆ ಪಿಂಗ್ ಮಾಡಿದ್ದೇನೆ. ರೂಟರ್‌ಗೆ ಒಂದೂ ಪ್ಯಾಕೆಟ್ ಲಾಸ್ ಇಲ್ಲ. ಅದೇ ಹೊತ್ತಿನಲ್ಲಿ ನಿಮ್ಮ ಕಂಪನಿಯ ಮೊದಲ ಯಂತ್ರಕ್ಕೆ ಮತ್ತು 8.8.8.8ಕ್ಕೆ ಸಂಜೆ 7:42, 8:15 ಮತ್ತು 8:51ಕ್ಕೆ ಪ್ರತಿ ಸಲ ಸುಮಾರು ಹತ್ತು ಸೆಕೆಂಡ್ ಉತ್ತರ ಬಂದಿಲ್ಲ. ಕೇಬಲ್ ಬದಲಿಸಿ ನೋಡಿದ್ದೇನೆ. ಮೂರೂ ಪಿಂಗ್‌ಗಳ ಸ್ಕ್ರೀನ್‌ಶಾಟ್ ಜೊತೆಗಿದೆ. ಲೈನಿನ ಸಿಗ್ನಲ್ ಪರೀಕ್ಷಿಸಿ, ತಂತ್ರಜ್ಞರನ್ನು ಕಳಿಸಿ."

ಸಮಯ ಮತ್ತು ಸಂಖ್ಯೆಗಳ ಜಾಗದಲ್ಲಿ ನಿಮ್ಮವನ್ನು ಹಾಕಿ. ದೂರಿನ ಸಂಖ್ಯೆ ಪಡೆಯಿರಿ, ತಂತ್ರಜ್ಞರು ಬಂದಾಗ ಇದೇ ಪಿಂಗ್ ಅವರ ಎದುರೇ ಓಡಿಸಿ ತೋರಿಸಿ. ಅವರು ಹೋದ ಮೇಲೂ ಆ ಮೂರು ಕಿಟಕಿ ಒಂದು ಸಂಜೆ ಓಡಲಿ. ರಿಪೇರಿ ನಿಜವಾಗಿ ಆಗಿದೆಯಾ ಅಂತ ಅದರಲ್ಲೇ ಗೊತ್ತಾಗುತ್ತದೆ, ಆಗಿಲ್ಲದಿದ್ದರೆ ಅದೇ ದೂರಿನ ಸಂಖ್ಯೆಗೆ ಹೊಸ ಸ್ಕ್ರೀನ್‌ಶಾಟ್ ಸೇರಿಸಿ ಕಳಿಸಿ.